ಉಪ್ಪಿಲ್ಲದ ನೀರು

ನಮ್ಮ ಅತ್ತೆಗೂ ಉಪ್ಪಿಗೂ ಎಣ್ಣೆ ಸೀಗೆಕಾಯಿ. ಮನೆಯಲ್ಲಿ ಯಾರು ಹಾಸಿಗೆ ಹಿಡಿದರೂ ಮೊದಲು ನಿಲ್ಲುತ್ತಿದ್ದುದು ಉಪ್ಪು. ಜ್ವರವಿರಲಿ, ಗಾಯವಿರಲಿ, ಸಪ್ಪೆ ಗಂಜಿಯೇ ಗತಿ. ಬಾಣಂತನದಲ್ಲಿ ನಾನೂ ಅದನ್ನು ಹಲ್ಲು ಕಚ್ಚಿಕೊಂಡು ನುಂಗಿದ್ದೇನೆ.

ಅದು ನಲವತ್ತರ ದಶಕದ ಒಂದು ಬೇಸಿಗೆ. ಯಲ್ದೂರಿನಲ್ಲಿ ಮಾವಿನಕಾಯಿ ಇಳಿಸುವ ಕಾಲ. ನನ್ನ ಗಂಡನಿಗೆ ಕಾಲರಾ ಬಡಿಯಿತು. ಬೆಳಗಾಗುವಷ್ಟರಲ್ಲಿ ಕಣ್ಣು ಗುಳಿಬಿದ್ದು, ಬೆರಳು ಸುಕ್ಕಿ, ದನಿಯೇ ಉಡುಗಿತ್ತು. ಕೋಲಾರದಿಂದ ಬಂದಿದ್ದ ಡಾಕ್ಟರು, ಮೈಯ ನೀರೆಲ್ಲ ಹೋಗಿದೆ, ನರಕ್ಕೆ ಉಪ್ಪುನೀರು ಬಿಡಬೇಕು ಎಂದರು. ಅವರು ತಂದಿದ್ದ ಉಪ್ಪುನೀರು ಊರಿನ ಬೇರೆ ರೋಗಿಗಳಿಗೇ ಮುಗಿದಿತ್ತು. ನಮ್ಮ ಒಲೆಯ ಮೇಲೇ ನೀರು ಕುದಿಸಿ, ಉಪ್ಪು ತೂಗಿ ಬೆರೆಸಿ, ಆರಲು ಮುಚ್ಚಿಟ್ಟು ಪಕ್ಕದ ಬೀದಿಗೆ ಹೋಗಿಬಂದರು.

ಸೀಸೆಗೆ ತುಂಬಿ, ಸೂಜಿ ಚುಚ್ಚಲು ಡಾಕ್ಟರು ನನ್ನ ಗಂಡನ ತೋಳು ಹಿಡಿದಾಗ ಅತ್ತೆ ಹೆಮ್ಮೆಯಿಂದ ಬಾಯಿಬಿಟ್ಟರು.

"ಆ ಉಪ್ಪುನೀರು ಚೆಲ್ಬಿಟ್ಟೆ ಸ್ವಾಮಿ. ಇದು ಸಿಹಿನೀರಿನ ಬಾವೀದು. ಚೆನ್ನಾಗಿ ಕಾಯ್ಸಿ, ಮಡಿಬಟ್ಟೇಲಿ ಸೋಸಿದ್ದೀನಿ. ಮಗೂಗೆ ಉಪ್ಪು ಆಗಲ್ಲ."

ಡಾಕ್ಟರು ಒಂದು ಹನಿ ನಾಲಿಗೆಗೆ ಹಾಕಿಕೊಂಡರು. ಮುಖ ಬಿಳುಚಿತು. ಬೈಯುತ್ತಾರೆ ಅಂದುಕೊಂಡೆ, ಬೈಯಲಿಲ್ಲ. ಹೊಸದಾಗಿ ನೀರು ಕಾಯಲಿಡಲು ನನಗೆ ಹೇಳಿ, ಎರಡು ಗಾಜಿನ ನಳಿಗೆ ತೆಗೆದರು. ಒಂದಕ್ಕೆ ಅತ್ತೆಯ ನೀರು, ಇನ್ನೊಂದಕ್ಕೆ ಅದೇ ನೀರಿಗೆ ಅಳತೆಯ ಉಪ್ಪು. ತಮ್ಮ ಬೆರಳನ್ನೇ ಚುಚ್ಚಿ ಎರಡಕ್ಕೂ ರಕ್ತ ತೊಟ್ಟಿಕ್ಕಿಸಿದರು. ಉಪ್ಪುನೀರಿನಲ್ಲಿ ರಕ್ತ ಮಂದವಾಗಿ, ಕದಡಿದಂತೆ ನಿಂತಿತು. ಅತ್ತೆಯ ನೀರಿನದು ನೋಡನೋಡುತ್ತಿದ್ದಂತೆ ತಿಳಿಯಾಗಿ, ಬರೀ ಕೆಂಪು ನೀರಾಯಿತು. ಆಚೆಗಿದ್ದ ಡಾಕ್ಟರ ಬೆರಳು ಅದರೊಳಗಿಂದ ಕಾಣುತ್ತಿತ್ತು.

"ರಕ್ತದ ಒಂದೊಂದು ಕಣಕ್ಕೂ ಪೊರೆ ಇರುತ್ತಮ್ಮ. ನೀರನ್ನ ಅದು ಸಲೀಸಾಗಿ ಬಿಟ್ಕೊಳುತ್ತೆ, ಉಪ್ಪನ್ನ ಹಾಗೆ ಬಿಡಲ್ಲ. ಹೊರಗೂ ಅಷ್ಟು ಉಪ್ಪಿದ್ರೆ ನೀರು ಅಂಕೇಲಿರುತ್ತೆ. ಬರೀ ನೀರಾದ್ರೆ ಒಳಕ್ಕೆ ನುಗ್ಗಿ ನುಗ್ಗಿ ಕಣಗಳೇ ಒಡೆದ್ಹೋಗ್ತವೆ. ನೋಡಿ, ಒಂದೂ ಉಳಿದಿಲ್ಲ."

ಸೂಜಿಗೂ ತೋಳಿಗೂ ನಡುವೆ ಇದ್ದದ್ದು ಅತ್ತೆಯ ಒಂದು ಮಾತು. ಅವರು ಸುಮ್ಮನಿದ್ದಿದ್ದರೆ?

ಅತ್ತೆ ಆ ನಳಿಗೆಯನ್ನೇ ನೋಡುತ್ತ ಗೋಡೆಗೊರಗಿ ಕುಸಿದರು.

ಹೊಸ ಉಪ್ಪುನೀರು ಹರಿದು, ಸಂಜೆಯ ಹೊತ್ತಿಗೆ ಗಂಡ ಕಣ್ಣು ಬಿಟ್ಟರು. "ಅಮ್ಮಾ, ನೀರು," ಎಂದರು. ಕುಡಿಸಿ ಎಂದು ಡಾಕ್ಟರೂ ತಲೆಯಾಡಿಸಿದರು. ಅತ್ತೆ ಲೋಟ ತುಂಬಿಸಿಕೊಂಡು ಓಡಿಬಂದವರು ಹಾಸಿಗೆಯ ಹತ್ತಿರ ಗಕ್ಕನೆ ನಿಂತರು. ಲೋಟ ನನ್ನ ಕಡೆ ಚಾಚಿದರು.

"ನೀನೇ ಕುಡ್ಸೇ. ನನ್ ಕೈಲಿ ಬೇಡ."