ಮಳೆಗೆ ಮೊದಲಿನ ಹುಲ್ಲು

ಇಂಥ ಕಥೆ ಹೇಳುತ್ತ ಬಂದವರಿಗೆ ಮೊದಲೆಲ್ಲ ನಾನು ನೀರು ಕುಡಿಸಿ ಮಲಗಿಸುತ್ತಿದ್ದೆ. ದವಾಖಾನೆಯಲ್ಲಿ ನರ್ಸ್ ಆಗಿ ಆಯುಷ್ಯ ಕಳೆದವಳು ನಾನು. ಜ್ವರ ನೋಡಬೇಕು, ಬರೆದಿಡಬೇಕು, ಮುಂದಿನ ಮಂಚಕ್ಕೆ ಹೋಗಬೇಕು. ದೆವ್ವಗಿವ್ವಕ್ಕೆ ಹೊತ್ತಿರಲಿಲ್ಲ.

ನಿವೃತ್ತಿಯಾದ ಮೇಲೆ ಬೆಳಗಾವಿಯ ರಾಮತೀರ್ಥ ನಗರದಲ್ಲಿದ್ದೇನೆ. ಬೇಸಿಗೆಯಲ್ಲಿ ಜಾಂಬೋಟಿ ಹತ್ತಿರ ತಂಗಿ ಶಾಂತಾಳ ಮನೆಗೆ ಹೋಗುತ್ತೇನೆ. ಆ ಕಡೆ ಮಳೆಗೆ ಮೊದಲು ಭತ್ತದ ಸಸಿಮಡಿಯ ಮೇಲೆ ಸೆಗಣಿ, ತರಗೆಲೆ ಹರಡಿ, ಮಣ್ಣು ಎಳೆದು ಸುಡುತ್ತಾರೆ. ಕಳೆ ಸಾಯುತ್ತದೆ, ಸಸಿ ಹುಲುಸಾಗಿ ಏಳುತ್ತದೆ. ಕೆಲವು ವರ್ಷಗಳ ಹಿಂದೆ ಒಂದು ಬೆಳಿಗ್ಗೆ ಶಾಂತಾ ಹಾಗೆ ಸುಟ್ಟು ಮುಗಿಸಿದಳು. ನಾನು ಇನ್ನೊಂದು ಕೊಡ ನೀರು ಸುರಿಯಹೋದೆ.

“ಸಾಕ ಬಿಡ ಅಕ್ಕಾ, ಇದೇನ ನಿನ್ನ ವಾರ್ಡ್ ಅಲ್ಲ. ಉಣ್ಣಾಕ ಬಾ,” ಎಂದು ನಕ್ಕಳು. ಕೊಡ ಇಟ್ಟು ಬಂದೆ.

ಮಧ್ಯಾಹ್ನ ಗಾಳಿ ಎದ್ದಿತು. ಮಣ್ಣಿನಡಿ ಉಳಿದಿದ್ದ ಕೆಂಡ ಹಾರಿ ಗುಡ್ಡದ ಒಣಹುಲ್ಲಿಗೆ ಬಿತ್ತು. ಅಲ್ಲಿ ಶಾಂತಾಳ ಎಮ್ಮೆಯನ್ನು ಕಟ್ಟಿದ್ದರು. ಅವಳು ಓಡಿದಳು, ಹಿಂದೆ ನಾನು. ಹಗ್ಗ ಬಿಚ್ಚಿದ ಕೂಡಲೇ ಎಮ್ಮೆ ಇಳಿಜಾರಿನಲ್ಲಿ ಓಡಿ ಪಾರಾಯಿತು. ನಮ್ಮ ಸುತ್ತ ಹೊಗೆ ಕವಿಯಿತು. ಶಾಂತಾ ಕೆಮ್ಮುತ್ತ ಕುಸಿದಳು. ಅವಳನ್ನು ಎಳೆದುಕೊಂಡು ಸ್ವಲ್ಪ ದೂರ ಹೋದಾಗ ನನ್ನ ಬರಿಪಾದಕ್ಕೆ ತಂಪು ತಾಗಿತು. ಹಸಿರು ಹುಲ್ಲು, ಎಳೆಯದು, ಒದ್ದೆ. ಸುಟ್ಟ ನೆಲ ಮೊದಲ ಮಳೆಗೆ ಚಿಗುರುತ್ತದಲ್ಲ, ಅಂಥದ್ದು. ವಾರ್ಡಿನ ರೂಢಿಯಂತೆ ಶಾಂತಾಳ ಚಪ್ಪಲಿ ಕಳಚಿ ಪಕ್ಕಕ್ಕಿಟ್ಟು ಅವಳನ್ನು ಬೋರಲು ಮಲಗಿಸಿದೆ, ನಾನೂ ಮಲಗಿದೆ. ಬೆಂಕಿ ಎರಡೂ ಬದಿಗೆ ಸದ್ದು ಮಾಡುತ್ತ ದಾಟಿಹೋಯಿತು.

ಹಸಿ ಟೊಂಗೆಗಳಿಂದ ಬೆಂಕಿ ಬಡಿಯುತ್ತ ಬಂದ ಊರವರು ನಮ್ಮನ್ನು ಕೆಳಗಿಳಿಸಿದರು. ಇಬ್ಬರ ಮೈಮೇಲೂ ಸುಟ್ಟ ಬೊಬ್ಬೆ ಒಂದೂ ಇರಲಿಲ್ಲ.

ಮರುದಿನ ಶಾಂತಾಳ ಗಂಡನೊಂದಿಗೆ ಗುಡ್ಡ ಹತ್ತಿದೆ. ಎಲ್ಲೆಲ್ಲೂ ಕಪ್ಪು. ಚಪ್ಪಲಿ ಸಿಕ್ಕಿತು, ಕರಗಿ ಬೂದಿಗೆ ಅಂಟಿಕೊಂಡಿತ್ತು. ಅದರ ಸುತ್ತಲೂ ಬೂದಿಯೇ.

“ಹೊಗಿ ತಲಿಗೇರಿತ್ತೇನ್ರಿ ಅಕ್ಕಾರ? ಮಳಿ ಇಲ್ಲದ ಯಾವ ಹುಲ್ರೀ?” ಎಂದು ಅವನು ಕೇಳಿದ.

ಹೊಗೆ ಕುಡಿದವರಿಗೆ ಭ್ರಮೆಯಾಗುವುದು ನನಗೆ ಗೊತ್ತಿಲ್ಲದ್ದಲ್ಲ. ಆದರೆ ಶಾಂತಾಳೂ ಅದೇ ಹುಲ್ಲನ್ನು ಹೇಳುತ್ತಾಳೆ. ಚಪ್ಪಲಿ ಕರಗಿದ ಜಾಗದಲ್ಲಿ ನಾವು ಸುಡದೆ ಉಳಿದದ್ದು ಹೇಗೆ?

ಮಳೆ ಬಿದ್ದ ಮೇಲೆ ಮತ್ತೆ ಹೋದೆ. ಗುಡ್ಡವೆಲ್ಲ ಚಿಗುರಿತ್ತು. ಶಾಂತಾ ಬರಿಗಾಲಲ್ಲಿ ಆ ಜಾಗಕ್ಕೆ ಹೋಗಿ ನಿಂತಳು.

“ಅಕ್ಕಾ, ಅವತ್ತ ನಾವು ಮಲಗಿದ್ದು ಇದರ ಮ್ಯಾಲನ.”

ಬಗ್ಗಿ ಮುಟ್ಟಿದೆ. ಅದೇ ತಂಪು, ಅದೇ ಎಳೆತನ. ಹೌದೆನ್ನಲು ನನಗೆ ಧೈರ್ಯವಾಗಲಿಲ್ಲ. ಅಲ್ಲವೆನ್ನಲು ಇಂದಿಗೂ ಆಗಿಲ್ಲ.