ಹಣಮವ್ವನ ಎದುರು ನಾನು ಹೇಳಿದ ಕತೆ

ಮಾಟ, ಮಂತ್ರ, ದೃಷ್ಟಿ ತೆಗೆಯುವುದು ಇವನ್ನೆಲ್ಲ ನಾನು ನಂಬಿದವಳಲ್ಲ. ಈಗಲೂ ನಂಬುತ್ತೇನೆ ಎನ್ನಲಾರೆ. ಆದರೆ ಆರು ವರ್ಷದ ಹಿಂದೆ ವಡಗೇರಾ ಹತ್ತಿರದ ಹಳ್ಳಿಯೊಂದರಲ್ಲಿ ನಡೆದದ್ದನ್ನು ಇದ್ದದ್ದು ಇದ್ದಂತೆ ಹೇಳುತ್ತೇನೆ.

ಆಗ ನಾನು ಯಾದಗಿರಿಯಲ್ಲಿ ಶಿಕ್ಷಕಿ. ರಜೆಯಲ್ಲಿ ಜನಪದ ಕತೆಗಳನ್ನು ಸಂಗ್ರಹಿಸುತ್ತಿದ್ದೆ. ಹಣಮವ್ವ ಎಂಬ ಮುದುಕಿಯ ಬಳಿ ಬೇಕಾದಷ್ಟು ಕತೆಗಳಿವೆ ಎಂದು ಕೇಳಿ ಹೊರಟೆ. ಬಸ್ಸಿಳಿದು ದಾರಿ ಕೇಳಿದರೆ ಚಹಾದಂಗಡಿಯವನು, "ಆ ಮಾಟಗಾತಿ ಮನಿಗೇನ್ರಿ? ಅಲ್ಲಿ ನೀರು ಸೈತ ಕುಡೀಬ್ಯಾಡ್ರಿ" ಎಂದ. ಜ್ವರ ಬಂದವರಿಗೆ ಅವಳು ದಾರ ಮಂತ್ರಿಸಿ ಕಟ್ಟುತ್ತಿದ್ದಳಂತೆ.

ಮಾಟಗಾತಿ ಜೋಳ ಹಸನು ಮಾಡುತ್ತಾ ಕುಳಿತಿದ್ದಳು. ಎದುರಿಗೆ ಕತೆ ಕಲಿಯಲು ಬಂದ ಇಬ್ಬರು ಹೆಂಗಸರು. ಅವರಲ್ಲಿ ಒಬ್ಬಳು ಹತ್ತಿ ಬಿಡಿಸಲು ಹೋಗುವ ಶರಣಮ್ಮ. ಅವಳ ಕತೆಯಲ್ಲಿ ರಾಕ್ಷಸ ಬಂದ ಎನ್ನುತ್ತಲೇ ಹಣಮವ್ವ ತಡೆದಳು. "ನೀ ಅವನ್ನ ನೋಡೇ ಇಲ್ಲ. ನೋಡಿ ಹೇಳು." ಶರಣಮ್ಮ ಕಣ್ಣು ಮುಚ್ಚಿ ಮತ್ತೆ ಹೇಳಿದಾಗ ನಾನು ಬಾಗಿಲ ಕಡೆ ತಿರುಗಿ ನೋಡಿದೆ. ಇಷ್ಟು ವರ್ಷ ಪಾಠ ಮಾಡಿಯೂ ಒಬ್ಬರಿಗೂ ಹಾಗೆ ಕಲಿಸಲು ನನಗೆ ಬಂದಿರಲಿಲ್ಲ.

ಕತೆ ರೆಕಾರ್ಡ್ ಮಾಡಲು ನಾನು ಮೊಬೈಲ್ ತೆಗೆದೆ. "ಬರೇ ತೊಗೊಂಡು ಹೋಗಾಕ ಬಂದೀರೇನ್ರಿ? ಮೊದಲ ನೀವೊಂದು ಹೇಳ್ರಿ" ಎಂದಳು ಹಣಮವ್ವ.

ಮೊಬೈಲ್ ಕೆಳಗಿಟ್ಟೆ. ತೋಚಿದ್ದನ್ನು ಕಟ್ಟತೊಡಗಿದೆ. ದನಿ ಕಳೆದುಕೊಂಡ ಹುಡುಗಿಯೊಬ್ಬಳು ಹೊಳೆಯ ತಳಕ್ಕಿಳಿಯುತ್ತಾಳೆ. ಅಲ್ಲಿ ಮುದುಕಿಯರು ಬೀಸುಕಲ್ಲಿನಲ್ಲಿ ಮರಳು ಬೀಸುತ್ತಿರುತ್ತಾರೆ. ಅವರಿಂದ ಒಂದು ಸಾಲು ಹಾಡಿಸಿದೆ: "ಬೀಸು ಬೀಸು ಮರಳ, ಹೊಳಿಗ್ಯಾಕ ಕೊರಳ." ಮುಂದಿನ ಸಾಲು ನಾಲಿಗೆಯ ಮೇಲಿತ್ತು. ನಾನು ಬಾಯಿ ತೆರೆಯುವ ಮೊದಲೇ ಶಿಷ್ಯೆಯರಿಬ್ಬರೂ ಅದನ್ನೇ ಹಾಡಿದರು: "ಕೂಸು ಬಂದೈತಿ ಕೇಳಾಕ, ಕೊಟ್ಟು ಕಳಸು ಮರಳಿ."

ಹಣಮವ್ವನ ಕೈಯಲ್ಲಿನ ಮೊರ ನಿಂತಿತು. "ಯಾರು ಹೇಳಿದ್ರು ನಿಮಗ?"

"ಯಾರೂ ಇಲ್ಲ ಯವ್ವಾ. ಈಗ ಕಟ್ಟಿ ಹೇಳಾಕತ್ತೇನಿ."

"ನಮ್ಮ ಗುರುತಾಯಿ ಈ ಹಾಡು ಕಲಿಸಿ, ಅದರ ಕತಿ ಹೇಳೂದ್ರೊಳಗ ಜೀವ ಬಿಟ್ಟಳು. ಹೊರಗ ಎಲ್ಲೂ ನಾವು ಇದನ್ನ ಹಾಡಿಲ್ಲ. ಆವತ್ತಿಂದ ಆ ಕತಿ ಹುಡುಕಾಕತ್ತೇನಿ." ಆಮೇಲೆ ಮೆತ್ತಗೆ ಕೇಳಿದಳು, "ನಿಲ್ಲಸಬ್ಯಾಡ್ರಿ. ಆ ಹುಡುಗಿಗಿ ದನಿ ಸಿಗತೈತೇನು?"

ಸಿಗುತ್ತದೆ ಎಂದು ನನಗೂ ಆಗಲೇ ಗೊತ್ತಾದದ್ದು. ಎಲ್ಲೂ ತಡವರಿಸದೆ ಕೊನೆಯವರೆಗೂ ಹೇಳಿದೆ. ಹಣಮವ್ವ ಸೆರಗಿನಿಂದ ಕಣ್ಣೊರೆಸಿಕೊಂಡಳು.

ಮನೆಗೆ ಬಂದು ತಾಯಿಯನ್ನು ಕೇಳಿದೆ. ನಮ್ಮಲ್ಲಿ ಯಾರಿಗೂ ಅಂಥ ಕತೆ ಗೊತ್ತಿರಲಿಲ್ಲ ಎಂದಳು. ಎಳವೆಯಲ್ಲಿ ಎಲ್ಲೋ ಕೇಳಿ ಮರೆತಿದ್ದೆನೋ, ಹಣಮವ್ವ ನನ್ನಿಂದ ಹೇಳಿಸಿದಳೋ, ತಿಳಿಯದು.

ಹಣಮವ್ವ ಈಗಿಲ್ಲ. ಶರಣಮ್ಮ ಆ ಕತೆಯನ್ನು ಶಹಾಪುರ, ಸುರಪುರದ ಶಾಲೆಗಳಲ್ಲಿ ಹೇಳುತ್ತಾಳೆ. ಹೋದ ತಿಂಗಳು ಮಕ್ಕಳ ನಡುವೆ ಕುಳಿತು ಕೇಳಿದೆ. ಹುಡುಗಿ ನೀರಿಗಿಳಿದಾಗ ಮುಂದೇನಾಗುತ್ತದೋ ಎಂದು ನಾನೂ ಉಸಿರು ಬಿಗಿಹಿಡಿದಿದ್ದೆ.