ಬ್ರೇಕಿನ ದಿನದ ನೀರು

ಬೆಳಗಾವಿಯಿಂದ ಬಂದ ಬಸ್ಸು ಮರಾಠಿ ಸೀಮೆಯ ಕಾತ್ರಜದಲ್ಲಿ ನನ್ನನ್ನು ಇಳಿಸಿದಾಗ ಬೆಳಗಿನ ಐದೂವರೆ. ಸುಮಾರು ಮುನ್ನೂರ ನಲವತ್ತು ಕಿಲೋಮೀಟರು, ಟಿಕೆಟ್ಟು ಆರು ನೂರು ಚಿಲ್ಲರೆ. ಘಾಟಿನಿಂದ ಇಳಿದ ಮಂಜು ರಸ್ತೆ ದೀಪಗಳನ್ನು ಅರ್ಧ ನುಂಗಿತ್ತು. ನಿದ್ದೆಗಣ್ಣಿಗೆ ಊರೇ ನೀರಿನಡಿ ಇದ್ದಂತೆ ಕಂಡಿತು.

ಧನಕವಡಿಯಲ್ಲಿರುವ ನನ್ನ ದೊಡ್ಡಪ್ಪನ ಮಗಳು ಶಾಂತಕ್ಕ ಫೋನಿನಲ್ಲಿ ಹೇಳಿದ್ದಳು: "ಮನಿಗೆ ಹೋಗಬ್ಯಾಡ, ನೆಟ್ಟಗ ಕೆರಿಗೆ ಬಾ. ಅರ್ಜಿ ಕೊಡಾಕ ಅವತ್ತ ಕಡೀ ದಿನ, ಕಾಗದ ನೋಡಾಕ ನೀ ಇರಬೇಕು." ಗುಡ್ಡದ ಬುಡದ ಕೆರೆಯವರೆಗೆ ರಿಕ್ಷಾ ಸಿಕ್ಕಿತು.

ಶಾಂತಕ್ಕ ಒಂದು ಸರ್ಕಾರಿ ನೀರಿನ ಕಚೇರಿಯ ನೌಕರಳು. ನಿತ್ಯ ಆರು ಗಂಟೆಗೆ ಕೆರೆಯ ಮೆಟ್ಟಿಲಿಳಿದು, ನೀರಿನಲ್ಲಿ ನಿಲ್ಲಿಸಿದ ಅಳತೆಪಟ್ಟಿ ನೋಡಿ, ನೀರಿನ ಮಟ್ಟ ಬರೆಯುವುದು ಅವಳ ಕೆಲಸ. ಹನ್ನೊಂದು ವರ್ಷ ತಾತ್ಕಾಲಿಕವಾಗಿ ದುಡಿದು, ಆಮೇಲೆ ಕಾಯಂ ಆದವಳು. ಈಗ ಮೇಲ್ವಿಚಾರಕರ ಒಂದೇ ಹುದ್ದೆ ಖಾಲಿ ಇದೆ. ಗೋಡೆಗೆ ಅಂಟಿಸಿದ ಜ್ಯೇಷ್ಠತಾ ಪಟ್ಟಿಯಲ್ಲಿ ಅವಳ ಸೇವೆಯನ್ನು ಕಾಯಂ ಆದ ದಿನದಿಂದ ಎಣಿಸಿದ್ದರು. ಹೀಗಾಗಿ ಅದಕ್ಕೆ ವರ್ಷ ಮೊದಲು ನೇರ ನೇಮಕವಾಗಿ ಬಂದ, ಅವಳೇ ಕೆಲಸ ಕಲಿಸಿದ ಸುನೀತಾ ಮೊದಲನೆಯವಳು, ಶಾಂತಕ್ಕ ಎರಡನೆಯವಳು. ಅವಳ ನಿವೃತ್ತಿಗೆ ಒಂದೂವರೆ ವರ್ಷ ಉಳಿದಿದೆ. ತಾತ್ಕಾಲಿಕ ಸೇವೆ ಎಡೆಬಿಡದೆ ನಡೆದದ್ದಕ್ಕೆ ಪುರಾವೆ ಕೊಟ್ಟರೆ ಪರಿಶೀಲಿಸುತ್ತೇವೆ ಎಂದು ನೋಟಿಸಿನ ಕೆಳಗೆ ಬರೆದಿತ್ತು.

ತೊಡಕು ಇದ್ದದ್ದು ಅಲ್ಲೇ. ತಾತ್ಕಾಲಿಕರಿಗೆ ಮೂರು ತಿಂಗಳಿಗೊಮ್ಮೆ ಒಂದು ದಿನ 'ಬ್ರೇಕ್' ಕೊಡುತ್ತಿದ್ದರು. ಆ ದಿನ ಹಾಜರಿ ಪುಸ್ತಕದಲ್ಲಿ ಕೆಂಪು ಗೆರೆ, ಮರುದಿನ ಹೊಸ ಆದೇಶ. ಕಾಗದದ ಮೇಲೆ ಸೇವೆ ತುಂಡಾದಂತೆ.

"ಆ ದಿನಾನೂ ಬಂದೇನಿ," ಎಂದಳು ಶಾಂತಕ್ಕ, ಫ್ಲಾಸ್ಕಿನಿಂದ ಚಹಾ ಬಗ್ಗಿಸುತ್ತ. "ನೀರಿಗೇನ ಬ್ರೇಕ್ ಇರತದ? ಆಗಿನ ಸಾಹೇಬ್ರು, 'ಶಾಂತಾಬಾಯಿ, ಸಹಿ ಮಾಡಬ್ಯಾಡ್ರಿ, ಅಳತಿ ಅಷ್ಟ ಬರೀರಿ' ಅಂತಿದ್ರು."

"ಹಂಗಾರ ಅಳತಿ ಪುಸ್ತಕದಾಗ ನಿನ್ನ ಕೈಬರಹ ಇರಬೇಕಲ್ಲ?"

"ಬರೇ ಅಂಕಿ ಅದಾವು ತಮ್ಮಾ. ಅಂಕಿಗೆ ಯಾರ ಹೆಸರಿರತದ?"

ಮಂಜು ನೀರಿಗಿಳಿದಿತ್ತು. ಕೆರೆ ಎಲ್ಲಿ ಮುಗಿದು ಆಕಾಶ ಎಲ್ಲಿ ಶುರುವಾಗುತ್ತದೆ ಎಂದು ತಿಳಿಯುತ್ತಿರಲಿಲ್ಲ. ಅಳತೆಪಟ್ಟಿ ಯಾವುದಕ್ಕೂ ಅಂಟದೆ ತೇಲುತ್ತಿದ್ದಂತಿತ್ತು. ಆ ಬಿಳುಪಿನೊಳಗಿನಿಂದ ಸ್ಕೂಟಿಯ ಸದ್ದು ಬಂತು, ಹಿಂದೆಯೇ ಸುನೀತಾ. ದಂಡೆಯ ಮೇಲಿನ ಕಚೇರಿ ಕೋಣೆಯಲ್ಲಿರುವ ಹಳೆಯ ಪುಸ್ತಕಗಳ ಕಪಾಟಿನ ಕೀಲಿ ಇರುವುದು ಅವಳ ಬಳಿ. ಅದನ್ನು ತೆರೆಯದಿರಲು ಅವಳಿಗಿಂತ ಹೆಚ್ಚಿನ ಕಾರಣ ಬೇರೆಯವರಿಗಿರಲಿಲ್ಲ.

ಅವಳು ಕಪಾಟು ತೆರೆದು ಒಂದು ಹಳೆಯ ಅಳತೆ ಪುಸ್ತಕ ಬಿಡಿಸಿದಳು. "ಅಕ್ಕಾ, ನಿನ್ನ ಏಳು ನೋಡು," ಎಂದಳು ಮರಾಠಿಯಲ್ಲಿ, ಅಕ್ಕಾ ಎಂಬುದೊಂದೇ ಕನ್ನಡ. "ನನಗೆ ಕೆಲಸ ಕಲಿಸುವಾಗಲೂ ನೀನು ಹಾಗೇ ಬರೆಯುತ್ತಿದ್ದೆ."

ಶಾಂತಕ್ಕ ಓದಿದ್ದು ಗೋಕಾಕದ ಕಡೆಯ ಕನ್ನಡ ಶಾಲೆಯಲ್ಲಿ. ಕಚೇರಿಯದು ಮರಾಠಿ ಅಂಕಿ. ನಸುಕಿನ ನಿದ್ದೆಗಣ್ಣಿನಲ್ಲಿ ಅವಳ ಕೈ ಒಮ್ಮೊಮ್ಮೆ ತನ್ನಷ್ಟಕ್ಕೆ ಕನ್ನಡದ ೭ ಬರೆದುಬಿಡುತ್ತಿತ್ತು. ಒಮ್ಮೆ ಸಾಹೇಬರು ಅದನ್ನು ಮರಾಠಿಯ ಎರಡೆಂದು ಓದಿದ್ದರು.

"ಒಂದ ರಾತ್ರ್ಯಾಗ ಐದು ಅಡಿ ನೀರು ಎಲ್ಲಿ ಹೋತು ಅಂತ ಬನಿಯನ್ ಮ್ಯಾಲೇ ಓಡಿ ಬಂದಿದ್ರು," ಶಾಂತಕ್ಕ ನಕ್ಕಳು. "ಭಾಳ ಬೈದ್ರು." ಆಮೇಲೆ ಪ್ರತಿ ತಪ್ಪನ್ನೂ ಅವರು ಕೆಂಪು ಶಾಯಿಯಲ್ಲಿ ತಿದ್ದಿ, ಪಕ್ಕದಲ್ಲಿ ದಿನಾಂಕ ಹಾಕಿ ಸಹಿ ಮಾಡುತ್ತಿದ್ದರು. ಆ ಕಚೇರಿಯಲ್ಲಿ ಕನ್ನಡ ಅಂಕಿ ಬರೆಯಬಲ್ಲವರು ಬೇರೆ ಯಾರೂ ಇರಲಿಲ್ಲ.

ಹಾಜರಿ ಪುಸ್ತಕದ ಕೆಂಪು ಗೆರೆಗಳನ್ನು ಮುಂದಿಟ್ಟುಕೊಂಡು ಮೂವರೂ ಹುಡುಕಿದೆವು. ಡಬ್ಬಿಯ ಅವಲಕ್ಕಿ ತಣ್ಣಗಾಯಿತು. ಮಧ್ಯಾಹ್ನದ ಹೊತ್ತಿಗೆ ಒಂಬತ್ತು ದಿನಗಳು ಸಿಕ್ಕವು: ಗೈರು ಎಂದಿದ್ದ ದಿನವೇ ಅವಳ ಏಳು, ಸಾಹೇಬರ ಸಹಿ. ಉಳಿದ ಬ್ರೇಕಿನ ದಿನಗಳಲ್ಲಿ ಅಂಥ ಏಳು ಇರಲಿಲ್ಲ. ಅಷ್ಟು ಸಾಕೇ ಎಂದು ಹೇಳಬಲ್ಲವರು ಅಲ್ಲಿರಲಿಲ್ಲ.

ಝೆರಾಕ್ಸಿಗೆ ಧನಕವಡಿಗೆ ಹೋಗುವಾಗ ಸುನೀತಾಳನ್ನು ಕೇಳಿದೆ: "ಇದರಿಂದ ನಿಮಗೆ ನಷ್ಟವಲ್ಲವೇ?"

"ಮನೆಯಲ್ಲಿ ಪೇಢಾ ಹಂಚಿಯಾಗಿದೆ," ಎಂದಳು. "ಬಡ್ತಿ ಬಂದರೆ ದಿನಾ ಅಕ್ಕನ ಪುಸ್ತಕ ತಪಾಸಣೆ ಮಾಡಬೇಕಿತ್ತು ನಾನು. ಅಳತೆ ಓದಲು ಕಲಿಸಿದವಳೇ ಅವಳು."

ನಾಲ್ಕು ಗಂಟೆಗೆ ಗುಮಾಸ್ತರು ಅರ್ಜಿ ತೆಗೆದುಕೊಂಡು ಮುದ್ರೆ ಒತ್ತಿದರು. "ಒಂದು ತಿಂಗಳಾದರೂ ಬೇಕು," ಎಂದರು. ರಾತ್ರಿ ಊಟಕ್ಕೆ ಜೋಳದ ರೊಟ್ಟಿ, ಶೇಂಗಾ ಚಟ್ನಿ. ಶಾಂತಕ್ಕ ನನ್ನ ಬುತ್ತಿಗೂ ನಾಲ್ಕು ರೊಟ್ಟಿ ಕಟ್ಟಿದಳು.

ಮರುದಿನ ಏಳೂವರೆಗೆ ನನ್ನ ಬಸ್ಸು. ಅದಕ್ಕೆ ಮೊದಲು ಕೆರೆಗೆ ಹೋದೆವು. ಸುನೀತಾ ಆಗಲೇ ಬಂದಿದ್ದಳು. ಶಾಂತಕ್ಕ ಮೆಟ್ಟಿಲಿಳಿದು, ಬಗ್ಗಿ ನೋಡಿ, ಪುಸ್ತಕ ಬಿಡಿಸಿ ಬರೆದಳು. ಬರೆದದ್ದನ್ನು ನೋಡುತ್ತ ನಿಂತಳು.

"ಮತ್ತ ಏಳು ಹಂಗ ಬಿತ್ತು ನೋಡು."

ಸುನೀತಾ ಪರ್ಸಿನಿಂದ ಕೆಂಪು ಪೆನ್ನು ತೆಗೆದಳು.

"ಬ್ಯಾಡ ಬಿಡವಾ," ಎಂದಳು ಶಾಂತಕ್ಕ, ಹರಕು ಮರಾಠಿ ಬೆರೆಸಿ. "ಇವತ್ತ ನಂದು ಹಾಜರಿ ಅದ."

ಸುನೀತಾ ಕೇಳಲಿಲ್ಲ. ತಿದ್ದಿ, ದಿನಾಂಕ ಹಾಕಿ, ನಿಧಾನವಾಗಿ ಪೂರ್ತಿ ಹೆಸರು ಬರೆದು ಸಹಿ ಮಾಡಿದಳು.

ಬಸ್ಸು ಘಾಟು ಹತ್ತುವಾಗ ಹಿಂದಿರುಗಿ ನೋಡಿದೆ. ಮಂಜಿನ ನಡುವೆ ಕೆರೆ ಒಂದು ಕ್ಷಣ ತೆರೆದುಕೊಂಡಿತು. ಮೆಟ್ಟಿಲ ಮೇಲೆ ಇಬ್ಬರು ಹೆಂಗಸರು ಕೂತಿದ್ದರು. ಅಷ್ಟು ಎತ್ತರದಿಂದ ಯಾರು ಮೇಲಿನ ಮೆಟ್ಟಿಲಲ್ಲಿ, ಯಾರು ಕೆಳಗಿನದರಲ್ಲಿ ಎಂದು ಗೊತ್ತಾಗಲಿಲ್ಲ.